ಕರೆಂಟು ಹೋದ ಲೆಕ್ಕ, ಬಸ್ಸು ಕಾದ ಲೆಕ್ಕ: ಸಿ.ಆರ್. ರಾವ್ ಹಾಕಿಕೊಟ್ಟ ಗೆರೆ

ಬೆಂಗಳೂರಿನ ಒಂದು ಮನೆಯಲ್ಲಿ ಹತ್ತು ದಿನ ಕರೆಂಟು ಎಷ್ಟೆಷ್ಟು ಸಲ ಹೋಯಿತು ಅಂತ ಗೋಡೆ ಕ್ಯಾಲೆಂಡರಿನ ಮೇಲೆ ಗುರುತು ಹಾಕಿಟ್ಟಿದ್ದಾರೆ ಅಂದುಕೊಳ್ಳಿ. ಲೆಕ್ಕ ಹೀಗಿದೆ: 2, 0, 1, 3, 0, 1, 0, 2, 1, 0. ನಾಳೆ ಮನೆಯಿಂದಲೇ ಕೆಲಸ, ಬೆಳಗ್ಗೆಯಿಂದ ಸಂಜೆವರೆಗೆ ಮೀಟಿಂಗು. ನಾಳೆ ಒಂದು ಸಲವೂ ಕರೆಂಟು ಹೋಗದೆ ಇರುವ ಸಾಧ್ಯತೆ ಎಷ್ಟು?

ಹತ್ತರಲ್ಲಿ ನಾಲ್ಕು ದಿನ ಸೊನ್ನೆ ಇದೆ, ಅಂದರೆ ಶೇ 40. ಯಾರನ್ನು ಕೇಳಿದರೂ ಇದನ್ನೇ ಹೇಳುತ್ತಾರೆ, ತಪ್ಪೇನೂ ಅಲ್ಲ. ಆದರೆ ಈ ಉತ್ತರಕ್ಕೆ ಮೂರು ಸಲ ಹೋದ ದಿನವೂ ಒಂದೇ, ಒಂದು ಸಲ ಹೋದ ದಿನವೂ ಒಂದೇ. ಕಷ್ಟಪಟ್ಟು ಬರೆದಿಟ್ಟ ಅಂಕಿಯಲ್ಲಿ ಒಂದು ಪಾಲು ಸುಮ್ಮನೆ ಪೋಲಾಯಿತು. ಎಷ್ಟು ಪೋಲಾಯಿತು? ಪೋಲಾಗದ ಹಾಗೆ ಲೆಕ್ಕ ಹಾಕುವುದು ಹೇಗೆ? ಎಲ್ಲಿಗೆ ಹೋಗಿ ಮುಟ್ಟಿದ ಮೇಲೆ ಇನ್ನು ಯಾರ ಜಾಣತನವೂ ನಡೆಯುವುದಿಲ್ಲ? ಈ ಮೂರು ಪ್ರಶ್ನೆಗೂ ದಾರಿ ತೋರಿಸುವ ಲೇಖನವೊಂದು 1945ರಲ್ಲಿ ಕಲ್ಕತ್ತಾ ಮ್ಯಾಥಮೆಟಿಕಲ್ ಸೊಸೈಟಿಯ ಬುಲೆಟಿನ್ನಿನಲ್ಲಿ ಅಚ್ಚಾಯಿತು. 37ನೇ ಸಂಪುಟ, 81ರಿಂದ 91ನೇ ಪುಟ. ಹನ್ನೊಂದೇ ಪುಟ. ಬರೆದವರು ಕಲ್ಯಂಪುಡಿ ರಾಧಾಕೃಷ್ಣ ರಾವ್. ವಯಸ್ಸು ಇಪ್ಪತ್ತೈದರ ಆಸುಪಾಸು, ಆಗಿನ್ನೂ ಪಿಎಚ್‌ಡಿ ಆಗಿರಲಿಲ್ಲ.

ರಾವ್ ಹುಟ್ಟಿದ್ದು 1920ರ ಸೆಪ್ಟೆಂಬರ್ 10ರಂದು, ಹೂವಿನಹಡಗಲಿಯಲ್ಲಿ. ಆಗ ಅದು ಮದ್ರಾಸ್ ಪ್ರಾಂತ್ಯದ ಬಳ್ಳಾರಿ ಜಿಲ್ಲೆ. ಮೈಸೂರು ರಾಜ್ಯಕ್ಕೆ ಸೇರಿದ್ದು 1953ರಲ್ಲಿ, ಈಗ ವಿಜಯನಗರ ಜಿಲ್ಲೆಯಲ್ಲಿದೆ. ‘ನಮ್ಮ ಹಡಗಲಿಯವರು’ ಅಂತ ಹೇಳಿಕೊಳ್ಳೋಣ, ಅಡ್ಡಿಯಿಲ್ಲ. ಆದರೆ ಮನೆಮಾತು ತೆಲುಗು, ಅಪ್ಪ ಪೊಲೀಸ್ ಇನ್‌ಸ್ಪೆಕ್ಟರ್, ವರ್ಗವಾದ ಕಡೆಗೆಲ್ಲ ಸಂಸಾರವೂ ಹೊರಡುತ್ತಿತ್ತು. ಓದಿದ್ದೆಲ್ಲ ಗೂಡೂರು, ನೂಜಿವೀಡು, ನಂದಿಗಾಮ, ವಿಶಾಖಪಟ್ಟಣದ ಕಡೆ. ಹತ್ತು ಮಕ್ಕಳಲ್ಲಿ ಎಂಟನೆಯವರು. ದೇವಕಿಯ ಎಂಟನೇ ಮಗು ಕೃಷ್ಣ ಅಂತ ಇವರಿಗೂ ಆ ಹೆಸರೇ ಬಂತು. ತಾಯಿ ಲಕ್ಷ್ಮೀಕಾಂತಮ್ಮ ದಿನಾ ಬೆಳಗಿನ ಜಾವ ನಾಲ್ಕಕ್ಕೆ ಎಬ್ಬಿಸಿ ಎಣ್ಣೆ ದೀಪ ಹಚ್ಚಿ ಓದಲು ಕೂರಿಸುತ್ತಿದ್ದರು ಅನ್ನುವುದನ್ನು ಅವರೇ ತಮ್ಮ ಪುಸ್ತಕವೊಂದರ ಅರ್ಪಣೆಯಲ್ಲಿ ನೆನೆದಿದ್ದಾರೆ.

ಆಂಧ್ರ ವಿಶ್ವವಿದ್ಯಾಲಯದಲ್ಲಿ ಗಣಿತದ ಎಂ.ಎ. ಮುಗಿಸಿದರೂ ಸಂಶೋಧನೆಗೆ ವಿದ್ಯಾರ್ಥಿವೇತನ ಸಿಗಲಿಲ್ಲ. ಯುದ್ಧದ ಕಾಲ. ಸೇನೆಯ ಸರ್ವೆ ಘಟಕದಲ್ಲಿ ಗಣಿತ ಬಲ್ಲವರು ಬೇಕಂತೆ ಅಂತ ಕಲ್ಕತ್ತಾಕ್ಕೆ ಹೋದರು, ಆ ಕೆಲಸವೂ ಆಗಲಿಲ್ಲ. ಅಲ್ಲೇ ಮಹಾಲನೋಬಿಸ್ ನಡೆಸುತ್ತಿದ್ದ ಇಂಡಿಯನ್ ಸ್ಟಾಟಿಸ್ಟಿಕಲ್ ಇನ್‌ಸ್ಟಿಟ್ಯೂಟಿನ ಸುದ್ದಿ ಕಿವಿಗೆ ಬಿತ್ತು. 1941ರ ಜನವರಿ 1ಕ್ಕೆ ಸೇರಿಕೊಂಡರು. 1943ರಲ್ಲಿ ಕಲ್ಕತ್ತಾ ವಿಶ್ವವಿದ್ಯಾಲಯದ ಸಂಖ್ಯಾಶಾಸ್ತ್ರ ಎಂ.ಎ.ಯ ಮೊದಲ ತಂಡದಲ್ಲೇ ಪಾಸಾಗಿ, ಬೇಗನೆ ಪಾಠ ಹೇಳುವವರೂ ಆದರು.

ಗೆರೆಯ ಕಥೆ ಶುರುವಾಗುವುದು ಆ ಪಾಠದ ಕೋಣೆಯಲ್ಲಿ. ಅಂದಾಜಿನ ನಿಖರತೆಗೆ ಒಂದು ಮಿತಿ ಇದೆ ಅಂತ ಬ್ರಿಟನ್ನಿನ ಸಂಖ್ಯಾಶಾಸ್ತ್ರಜ್ಞ ಆರ್.ಎ. ಫಿಷರ್ ತೋರಿಸಿದ್ದರು. ಆದರೆ ಅದು ಅಂಕಿಗಳು ಲೆಕ್ಕವಿಲ್ಲದಷ್ಟು ಇದ್ದಾಗಿನ ಮಾತು. ರಾವ್ ಅದನ್ನು ಹೇಳುತ್ತಿದ್ದಾಗ ತರಗತಿಯಲ್ಲಿದ್ದ ವಿ.ಎಂ. ದಾಂಡೇಕರ್ (ಮುಂದೆ ಪುಣೆಯಲ್ಲಿ ದೊಡ್ಡ ಅರ್ಥಶಾಸ್ತ್ರಜ್ಞರಾದವರು) ‘ಅಂಕಿ ಕಡಿಮೆ ಇದ್ದರೆ?’ ಅಂತ ಕೇಳಿದರು. ರಾವ್ ಮನೆಗೆ ಹೋಗಿ ಸಾಧನೆ (ಗಣಿತದ ರುಜುವಾತು) ಮಾಡಿಕೊಂಡು ಬಂದು ಮಾರನೇ ದಿನ ತರಗತಿಯಲ್ಲೇ ಉತ್ತರ ಕೊಟ್ಟರು. ಮರುವರ್ಷ, 1946ರಲ್ಲಿ, ಸ್ವೀಡನ್ನಿನ ಹೆರಾಲ್ಡ್ ಕ್ರಾಮರ್ ಅವರ ಪುಸ್ತಕದಲ್ಲೂ ಅದೇ ಫಲಿತಾಂಶ ಬಂತು. ಹೀಗಾಗಿ ಹೆಸರು ಕ್ರಾಮರ್–ರಾವ್ ಮಿತಿ.

ಮಿತಿ ಅಂದರೆ ಏನು ಅನ್ನುವುದಕ್ಕೆ ತಕ್ಕಡಿಯೇ ಸುಲಭ. ಗಾಂಧಿ ಬಜಾರಿನ ತರಕಾರಿ ಅಂಗಡಿಯೊಂದರ ತಕ್ಕಡಿ ಅಂದುಕೊಳ್ಳಿ. ಒಂದೇ ಕುಂಬಳಕಾಯಿಯನ್ನು ಮತ್ತೆ ಮತ್ತೆ ಇಟ್ಟರೆ ಒಂದೊಂದು ಸಲ ಒಂದೊಂದು ತೂಕ. ನಿಜವಾದ ತೂಕದಿಂದ ಅತ್ತಿತ್ತ ಸರಿದಾಟದ ಅಳತೆ, ಅಂದರೆ ಮಾನಕ ವಿಚಲನೆ, 5 ಗ್ರಾಂ. ಅದರ ವರ್ಗ 25, ಇದೇ ವೇರಿಯನ್ಸ್. ಫಿಷರ್ ‘ಮಾಹಿತಿ’ ಅಂತ ಕರೆದದ್ದು, ಇಂಥ ನಾರ್ಮಲ್ ಮಾದರಿಯಲ್ಲಿ (ತಪ್ಪುಗಳು ನಿಜದ ಎರಡೂ ಬದಿಗೆ ಗಂಟೆಯಾಕಾರದಲ್ಲಿ ಹರಡುವುದು), ವೇರಿಯನ್ಸಿನ ತಲೆಕೆಳಗು: 1/25, ಅಂದರೆ 0.04. ಒಂದು ಸಲ ತೂಗಿದರೆ 0.04ರಷ್ಟು ಮಾಹಿತಿ ಸಿಕ್ಕಿತು. ಬಿಡಿಬಿಡಿಯಾಗಿ ತೂಗಿದಷ್ಟೂ ಮಾಹಿತಿ ಕೂಡುತ್ತಾ ಹೋಗುತ್ತದೆ. 25 ಸಲ ತೂಗಿದರೆ ಒಟ್ಟು 1. ರಾವ್ ಹೇಳಿದ್ದು ಇಷ್ಟು: ಪಕ್ಷಪಾತವಿಲ್ಲದ ಯಾವ ಅಂದಾಜಿನ ವೇರಿಯನ್ಸೂ 1 ಭಾಗಿಸು ಒಟ್ಟು ಮಾಹಿತಿಗಿಂತ ಕೆಳಗೆ ಇಳಿಯದು. ಇಲ್ಲಿ 1/1, ಅಂದರೆ 1 ಗ್ರಾಂ ವಿಚಲನೆ. 25 ತೂಕಗಳ ಸರಾಸರಿ ತೆಗೆದರೆ ಸರಿಯಾಗಿ ಅಷ್ಟೇ ಬರುತ್ತದೆ. ಸರಾಸರಿ ಗೆರೆ ಮುಟ್ಟಿತು. ಇನ್ನು ಎಂಥ ಕಂಪ್ಯೂಟರು ತಂದರೂ ಅದೇ 25 ಅಂಕಿಯಿಂದ ಇದಕ್ಕಿಂತ ಹೆಚ್ಚು ಹಿಂಡಲು ಆಗುವುದಿಲ್ಲ. ಮೊದಲನೇ ಡಿಕಾಕ್ಷನ್ನು ಪೂರ್ತಿ ಇಳಿದ ಮೇಲೆ ಪುಡಿಯಲ್ಲಿ ಉಳಿದದ್ದು ಬರೀ ಚರಟ.

ಸರಾಸರಿಯ ಬದಲು ನಡುವಿನ ಅಂಕಿ, ಅಂದರೆ ಮಧ್ಯಾಂಕ ತೆಗೆದರೆ? ವಿಚಲನೆ ಸುಮಾರು 1.25 ಗ್ರಾಂ ಆಗುತ್ತದೆ. ಅಂಕಿಗಳು ಬಹಳ ಇದ್ದಾಗ ಲೆಕ್ಕ ಹೀಗೆ: ಮಧ್ಯಾಂಕದಿಂದ 100 ತೂಕ ಕೊಡುವ ನಿಖರತೆ ಸರಾಸರಿಯಿಂದ ಸುಮಾರು 64 ತೂಕಕ್ಕೇ ಸಿಗುತ್ತದೆ. 36 ಸಲ ಸುಮ್ಮನೆ ಕುಂಬಳಕಾಯಿ ಎತ್ತಿ ಇಟ್ಟ ಹಾಗೆ. ಹಾಗಂತ ಮಧ್ಯಾಂಕ ಕೆಲಸಕ್ಕೆ ಬಾರದ್ದು ಅಂತಲ್ಲ. 25ರಲ್ಲಿ ಒಂದು ಸಲ ಅಂಗಡಿಯವರ ಕೈ ತಕ್ಕಡಿ ಮೇಲೇ ಉಳಿದು 500 ಗ್ರಾಂ ಜಾಸ್ತಿ ತೋರಿಸಿತು ಅನ್ನಿ. ಸರಾಸರಿ 20 ಗ್ರಾಂ ಮೇಲಕ್ಕೆ ಹಾರುತ್ತದೆ, ಮಧ್ಯಾಂಕ ಹೆಚ್ಚುಕಡಿಮೆ ಇದ್ದಲ್ಲೇ ಇರುತ್ತದೆ. ಗೆರೆ ಎಳೆದದ್ದು ನಾವು ಒಪ್ಪಿಕೊಂಡ ಮಾದರಿಯ ಮೇಲೆ. ಮಾದರಿಯೇ ಸುಳ್ಳಾದರೆ ಗೆರೆಗೂ ಅರ್ಥವಿಲ್ಲ.

‘ಪಕ್ಷಪಾತವಿಲ್ಲದ’ ಅನ್ನುವ ಮಾತನ್ನು ಬಹಳ ಜನ ಓದಿ ಮುಂದೆ ಹೋಗಿಬಿಡುತ್ತಾರೆ. ಕೆಟ್ಟು ಹೋಗಿ ಏನಿಟ್ಟರೂ 500 ಅಂತಲೇ ತೋರಿಸುವ ತಕ್ಕಡಿಯ ವೇರಿಯನ್ಸ್ ಸೊನ್ನೆ! ಗೆರೆಯ ಕೆಳಗೆ ಆರಾಮಾಗಿ ನುಸುಳಿತು, ಆದರೆ ಕುಂಬಳಕಾಯಿ ತೂಕ ಗೊತ್ತಾಗಲಿಲ್ಲ. ಮತ್ತೆ ಮತ್ತೆ ಮಾಡಿದರೆ ಸರಾಸರಿಯಲ್ಲಿ ನಿಜಕ್ಕೇ ಬಂದು ನಿಲ್ಲುವ ಅಂದಾಜುಗಳಿಗೆ ಮಾತ್ರ ಈ ಮಿತಿ.

ಮಾಹಿತಿ ಕೂಡುತ್ತದೆ ಅನ್ನುವುದು ದಿನಬಳಕೆಗೆ ಒದಗುವ ಸಂಗತಿ. ಪಕ್ಕದಲ್ಲೇ ಇನ್ನೊಂದು ಹಳೇ ತಕ್ಕಡಿ ಇದೆ, ಅದರ ವಿಚಲನೆ 10 ಗ್ರಾಂ. ಎರಡರಲ್ಲೂ ಒಂದೊಂದು ಸಲ ತೂಗಿ ಕೂಡಿಸಿ ಎರಡರಿಂದ ಭಾಗಿಸಿದರೆ ವೇರಿಯನ್ಸ್ (25 + 100)/4 = 31.25, ವಿಚಲನೆ 5.59 ಗ್ರಾಂ. ಒಳ್ಳೇ ತಕ್ಕಡಿಯೊಂದರಲ್ಲೇ ತೂಗಿದ್ದರೆ 5 ಇತ್ತು. ಎರಡನೇ ಅಂಕಿ ಸೇರಿಸಿ ಇದ್ದದ್ದನ್ನೂ ಕೆಡಿಸಿಕೊಂಡೆವು. ಸರಿಯಾದ ದಾರಿ ಮಾಹಿತಿಯ ಪ್ರಮಾಣದಲ್ಲಿ ತೂಕ ಕೊಡುವುದು: 0.04ಕ್ಕೆ 0.01, ಅಂದರೆ ನಾಲ್ಕಕ್ಕೆ ಒಂದು. ಹೊಸ ತಕ್ಕಡಿಯ ಅಂಕಿ ನಾಲ್ಕು ಪಾಲು, ಹಳೆಯದರದ್ದು ಒಂದು ಪಾಲು, ಐದರಿಂದ ಭಾಗಿಸಿ. ಒಟ್ಟು ಮಾಹಿತಿ 0.05, ವೇರಿಯನ್ಸ್ 20, ವಿಚಲನೆ 4.47. ಇಲ್ಲಿ ಹಳೇ ತಕ್ಕಡಿಯೂ ತನ್ನ ಪಾಲಿನ ಕೆಲಸ ಮಾಡಿತು. ಗುಣಮಟ್ಟ ಬೇರೆ ಬೇರೆ ಇರುವ ಸೆನ್ಸರುಗಳ ಅಂಕಿಯನ್ನು ಹಾಗೇ ಸರಾಸರಿ ಹೊಡೆಯುವ ಕೋಡನ್ನು ಈ ಊರಿನಲ್ಲಿ ಬರೆಯುವವರು ಕಡಿಮೆಯಿಲ್ಲ.

ಈಗ ಕರೆಂಟಿಗೆ ಬರೋಣ. ಅದೇ ಹನ್ನೊಂದು ಪುಟದಲ್ಲಿರುವ ಎರಡನೇ ಫಲಿತಾಂಶ ಇಲ್ಲಿ ಬೇಕು. 1947ರಲ್ಲಿ ಅಮೆರಿಕದ ಡೇವಿಡ್ ಬ್ಲ್ಯಾಕ್‌ವೆಲ್ ಕೂಡ ತಮ್ಮದೇ ದಾರಿಯಲ್ಲಿ ಇದನ್ನು ಕಂಡುಕೊಂಡರು, ಹಾಗಾಗಿ ರಾವ್–ಬ್ಲ್ಯಾಕ್‌ವೆಲ್ ಪ್ರಮೇಯ. ಮಿತಿಗಿಂತ ಇದೇ ಹೆಚ್ಚು ಕೈಗೆ ಹತ್ತುವ ಸಾಧನ. ಮಿತಿ ‘ಇಷ್ಟೇ’ ಅನ್ನುತ್ತದೆ, ಇದು ‘ಹೀಗೆ ಮಾಡು’ ಅನ್ನುತ್ತದೆ.

ಮೊದಲು ಎಷ್ಟೇ ಒರಟಾಗಿದ್ದರೂ ಸರಿ, ಪಕ್ಷಪಾತವಿಲ್ಲದ ಒಂದು ಅಂದಾಜು ಹಿಡಿದುಕೊಳ್ಳಿ. ನಾಚಿಕೆ ಬೇಡ. ಮೊದಲ ದಿನ ಮಾತ್ರ ನೋಡುವುದು, ಕರೆಂಟು ಹೋಗಿಲ್ಲದಿದ್ದರೆ ಸಾಧ್ಯತೆ 1, ಹೋಗಿದ್ದರೆ 0. ನಮ್ಮ ಪಟ್ಟಿಯಲ್ಲಿ ಮೊದಲ ದಿನ 2, ಹಾಗಾಗಿ ಉತ್ತರ 0. ಇದು ಹುಚ್ಚು ಉತ್ತರವೇ, ಆದರೂ ಇಂಥ ಹತ್ತು ದಿನಗಳ ಪಟ್ಟಿ ಸಾವಿರಾರು ಸಿಕ್ಕಿದರೆ ಸರಾಸರಿಯಲ್ಲಿ ನಿಜವಾದ ಸಾಧ್ಯತೆಯೇ ಬರುತ್ತದೆ. ಆಮೇಲೆ, ಅಂಕಿಗಳ ಸಾರವೆಲ್ಲ ಎಲ್ಲಿ ಅಡಗಿದೆ ಅಂತ ಹುಡುಕಿ. ಕರೆಂಟು ಹೋಗುವುದು ಒಂದಕ್ಕೊಂದು ಸಂಬಂಧವಿಲ್ಲದೆ, ದಿನಾ ಒಂದೇ ದರದಲ್ಲಿ ಅಂದರೆ (ಇದಕ್ಕೇ ಪಾಯ್ಸಾನ್ ಮಾದರಿ ಅನ್ನುವುದು), ಸಾರವೆಲ್ಲ ಒಟ್ಟು ಮೊತ್ತದಲ್ಲಿದೆ: 10. ಆ ಹತ್ತು ಯಾವ ಯಾವ ದಿನಕ್ಕೆ ಹಂಚಿಹೋಯಿತು ಅನ್ನುವುದು ಬರೀ ಲಾಟರಿ, ದರದ ಬಗ್ಗೆ ಅದು ಏನೂ ಹೇಳುವುದಿಲ್ಲ. ಕೊನೆಗೆ, ಒಟ್ಟು 10 ಅಂತ ಹಿಡಿದುಕೊಂಡು, ಹಂಚಿಕೆಯ ಎಲ್ಲ ಬಗೆಗಳ ಮೇಲೂ ಆ ಒರಟು ಅಂದಾಜಿನ ಸರಾಸರಿ ತೆಗೆಯಿರಿ. ಹತ್ತು ಸಲದಲ್ಲಿ ಪ್ರತಿ ಸಲವೂ ಮೊದಲ ದಿನವನ್ನು ತಪ್ಪಿಸಿಕೊಳ್ಳುವ ಸಾಧ್ಯತೆ 9/10. ಹತ್ತೂ ತಪ್ಪಿಸಿಕೊಳ್ಳುವ ಸಾಧ್ಯತೆ 0.9ರ ಹತ್ತನೇ ಘಾತ, 0.349.

ಉತ್ತರ ಸುಮಾರು ಶೇ 35. 40 ಅಲ್ಲ. ಮೊದಲ ದಿನದ ಬದಲು ಏಳನೇ ದಿನ ಹಿಡಿದಿದ್ದರೂ ಇದೇ 0.349 ಬರುತ್ತಿತ್ತು, ಗಮನಿಸಿ. ಒರಟು ಅಂದಾಜಿನಲ್ಲಿದ್ದ ಮೊಂಡುತನವನ್ನೆಲ್ಲ ಸರಾಸರಿ ತೊಳೆದು ಹಾಕಿತು.

ಲಾಭ ಎಷ್ಟು ಅಂತ ಅಳೆಯಬಹುದು. ನಿಜವಾದ ದರ ದಿನಕ್ಕೆ 1 ಅಂತಾದರೆ ಮೊದಲ ದಿನ ಮಾತ್ರ ನೋಡುವ ಅಂದಾಜಿನ ವಿಚಲನೆ 0.48, ಸೊನ್ನೆ ದಿನಗಳನ್ನು ಎಣಿಸುವ ಅಂದಾಜಿನದು 0.152, ರಾವ್ ದಾರಿಯದು 0.119. ಕ್ರಾಮರ್–ರಾವ್ ಗೆರೆ ಇರುವುದು 0.116ರಲ್ಲಿ. ವೇರಿಯನ್ಸಿನಲ್ಲಿ ಹೇಳುವುದಾದರೆ 0.0233ಕ್ಕೆ 0.0142. ‘ಹೋಯಿತು, ಹೋಗಲಿಲ್ಲ’ ಅಂತ ಮಾತ್ರ ಬರೆದಿಡುವವರು ಇದೇ ನಿಖರತೆಗೆ ಹತ್ತರ ಬದಲು ಹದಿನಾರು ಹದಿನೇಳು ದಿನ ಬರೆಯಬೇಕು. ಇನ್ನೊಂದು ಸೂಕ್ಷ್ಮ: 0.119 ಗೆರೆಯನ್ನು ಮುಟ್ಟಲಿಲ್ಲ, ಕೂದಲೆಳೆಯಷ್ಟು ಮೇಲೆ ನಿಂತಿತು. ಆದರೂ ಪಕ್ಷಪಾತವಿಲ್ಲದ ಅಂದಾಜುಗಳಲ್ಲಿ ಇದಕ್ಕಿಂತ ಒಳ್ಳೆಯದು ಸಾಧ್ಯವಿಲ್ಲ. ಗೆರೆ ಇದೆ ಅಂದಮಾತ್ರಕ್ಕೆ ಅದನ್ನು ಮುಟ್ಟಲು ಆಗಲೇಬೇಕು ಅಂತೇನಿಲ್ಲ. ಪರೀಕ್ಷೆಗಳಲ್ಲಿ ತಪ್ಪಾಗುವ ಜಾಗ ಇದು.

ಬಹಳ ಜನ ಹಾಕುವ ಮೂರನೇ ಲೆಕ್ಕವೂ ಒಂದಿದೆ. ಸರಾಸರಿ ದಿನಕ್ಕೆ 1, ಅದನ್ನು ಪಾಯ್ಸಾನ್ ಸೂತ್ರಕ್ಕೆ ಹಾಕಿ 1 ಭಾಗಿಸು 2.718, ಅಂದರೆ 0.368. ನೋಡಲು ಅಚ್ಚುಕಟ್ಟು, ಆದರೆ ಒಂದು ಕಡೆಗೆ ವಾಲುತ್ತದೆ. ನಿಜವಾದ ಸಾಧ್ಯತೆ 0.368 ಇದ್ದಾಗ ಹತ್ತು ದಿನದ ಪಟ್ಟಿಗಳಿಂದ ಈ ದಾರಿಯಲ್ಲಿ ಬರುವ ಉತ್ತರಗಳ ಸರಾಸರಿ 0.386. ಘಾತದ ಗೆರೆ ಬಾಗಿರುವುದರಿಂದ ಹೀಗೆ. ದಿನಗಳು ಹೆಚ್ಚಾದಂತೆ ಈ ವಾಲಾಟ ಕರಗುತ್ತದೆ, ತಿಂಗಳುಗಟ್ಟಲೆ ಅಂಕಿ ಇದ್ದರೆ ತಲೆ ಕೆಡಿಸಿಕೊಳ್ಳಬೇಕಿಲ್ಲ.

ಎಡವುವುದು ಸಾಮಾನ್ಯವಾಗಿ ಬೇರೆ ಕಡೆ. ಮೇ ತಿಂಗಳ ಸಂಜೆ ಮಳೆ ಗಾಳಿಗೆ ಗುಲ್‌ಮೊಹರ್ ಕೊಂಬೆ ತಂತಿ ಮೇಲೆ ಬಿತ್ತು. ಕರೆಂಟು ಹೋಯಿತು. ಲೈನ್‌ಮನ್ ಬಂದು ಹಾಕಿದರು, ಐದು ನಿಮಿಷಕ್ಕೆ ಮತ್ತೆ ಟ್ರಿಪ್, ಮತ್ತೆ ಹಾಕಿದರು, ಮತ್ತೆ ಟ್ರಿಪ್. ಪಟ್ಟಿಯಲ್ಲಿ 3 ಅಂತ ಬಿತ್ತು, ಕಾರಣ ಒಂದೇ. ಬಿಡಿಬಿಡಿ ಅನ್ನುವ ಷರತ್ತೇ ಮುರಿಯಿತು, ಆಗ ಒಟ್ಟು ಮೊತ್ತದಲ್ಲಿ ಸಾರವೆಲ್ಲ ಇರುವುದಿಲ್ಲ. ಇದನ್ನು ಹಿಡಿಯಲು ಸುಲಭದ ಪರೀಕ್ಷೆ ಇದೆ: ಪಾಯ್ಸಾನ್ ಅಂಕಿಗಳ ಸರಾಸರಿಯೂ ವೇರಿಯನ್ಸೂ ಹತ್ತಿರ ಹತ್ತಿರ ಇರಬೇಕು. ನಮ್ಮ ಪಟ್ಟಿಯಲ್ಲಿ ಸರಾಸರಿ 1. ಪ್ರತಿ ಅಂಕಿಯಿಂದ 1 ಕಳೆದು ವರ್ಗ ಮಾಡಿ ಕೂಡಿದರೆ 10, ಅದನ್ನು 9ರಿಂದ ಭಾಗಿಸಿದರೆ 1.11. ಪರವಾಗಿಲ್ಲ. ಹತ್ತು ದಿನದ ಪಟ್ಟಿಯಲ್ಲಿ ವೇರಿಯನ್ಸ್ ಭಾಗಿಸು ಸರಾಸರಿ 2 ದಾಟಿದರೆ ಅನುಮಾನ ಪಡಿ. ಅರ್ಧ ಗಂಟೆಯೊಳಗೆ ಮತ್ತೆ ಹೋದದ್ದನ್ನು ಒಂದೇ ಅಂತ ಎಣಿಸಿ ಮತ್ತೊಮ್ಮೆ ಲೆಕ್ಕ ಹಾಕಿ. ಹಾಗೆಯೇ, ಸಾರವೆಲ್ಲ ಇಲ್ಲದ ಯಾವುದೋ ಮೊತ್ತವನ್ನು ಹಿಡಿದು ಸರಾಸರಿ ತೆಗೆಯಲು ಹೋದರೆ ಉತ್ತರದೊಳಗೇ ಗೊತ್ತಿಲ್ಲದ ದರ ಉಳಿದುಬಿಡಬಹುದು. ಗೊತ್ತಿಲ್ಲದ್ದನ್ನು ಕಂಡುಹಿಡಿಯಲು ಅದೇ ಮೊದಲು ಗೊತ್ತಿರಬೇಕು ಅಂತಾದರೆ ಆ ಉತ್ತರ ಯಾರಿಗೆ ಬೇಕು?

ರಾವ್ ಅವರ ಆ 1945ರ ಲೇಖನಕ್ಕೆ ಇಂಟರ್‌ನ್ಯಾಷನಲ್ ಪ್ರೈಜ್ ಇನ್ ಸ್ಟಾಟಿಸ್ಟಿಕ್ಸ್ ಬಂದದ್ದು 2023ರಲ್ಲಿ, 80,000 ಡಾಲರ್. ಅಚ್ಚಾಗಿ 78 ವರ್ಷದ ಮೇಲೆ. ರಾವ್ ಅವರಿಗೆ ಆಗ 102 ವರ್ಷ. ಅದೇ ವರ್ಷ ಆಗಸ್ಟಿನಲ್ಲಿ ತೀರಿಕೊಂಡರು. ನಡುವೆ ಪದ್ಮಭೂಷಣ (1968), ಪದ್ಮವಿಭೂಷಣ (2001), ಅಮೆರಿಕದ ನ್ಯಾಷನಲ್ ಮೆಡಲ್ ಆಫ್ ಸೈನ್ಸ್ ಎಲ್ಲ ಬಂದವು. ಕಲ್ಕತ್ತಾದ ಇನ್‌ಸ್ಟಿಟ್ಯೂಟಿನಲ್ಲಿ ನಾಲ್ಕು ದಶಕದ ಹತ್ತಿರ ಇದ್ದು, ಆಮೇಲೆ ಪಿಟ್ಸ್‌ಬರ್ಗ್, 1988ರಿಂದ ಪೆನ್ಸಿಲ್ವೇನಿಯಾ ಸ್ಟೇಟ್. ಅದೇ ಇನ್‌ಸ್ಟಿಟ್ಯೂಟಿನ ಬೆಂಗಳೂರು ಕೇಂದ್ರ ಮೈಸೂರು ರಸ್ತೆಯಲ್ಲಿ, ಆರ್.ವಿ. ಎಂಜಿನಿಯರಿಂಗ್ ಕಾಲೇಜಿನ ಆಸುಪಾಸಿನಲ್ಲಿದೆ. ಕೆಂಗೇರಿ ಬಸ್ಸಿನಲ್ಲಿ ಓಡಾಡುವವರು ಅದರ ಮುಂದೆ ದಿನಾ ಹಾದುಹೋಗುತ್ತಾರೆ.

ಬಸ್ಸು ಅಂದಕೂಡಲೇ ಗೆರೆ ಮುರಿದುಬೀಳುವ ಜಾಗ ನೆನಪಾಗುತ್ತದೆ. ಬಸ್ಸು ಇಷ್ಟು ನಿಮಿಷಕ್ಕೊಂದು ಅಂತ ತಪ್ಪದೆ ಬರುತ್ತದೆ, ಎಷ್ಟು ನಿಮಿಷ ಅಂತ ನಮಗೆ ಗೊತ್ತಿಲ್ಲ. ನಾವು ಗಡಿಯಾರ ನೋಡದೆ ಯಾವಾಗಲೋ ನಿಲ್ದಾಣಕ್ಕೆ ಹೋಗುತ್ತೇವೆ. ಕಾಯುವ ಹೊತ್ತು ಸೊನ್ನೆಯಿಂದ ಆ ಅಂತರದವರೆಗೆ ಎಲ್ಲಿ ಬೇಕಾದರೂ ಸಮನಾಗಿ ಬೀಳಬಹುದು. ಐದು ದಿನ ಕಾದದ್ದು: 3, 14, 4, 2, 5 ನಿಮಿಷ. ಬಸ್ಸಿನ ಅಂತರ ಎಷ್ಟು?

ಸರಾಸರಿ ಕಾಯುವಿಕೆ ಅಂತರದ ಅರ್ಧ ಇರಬೇಕು, ಹಾಗಾಗಿ ಸರಾಸರಿಯ ಎರಡರಷ್ಟು ಅನ್ನುವುದು ಸಹಜ ಉತ್ತರ. ಒಟ್ಟು 28, ಸರಾಸರಿ 5.6, ಎರಡರಷ್ಟು 11.2 ನಿಮಿಷ. ಆದರೆ ಎರಡನೇ ದಿನ 14 ನಿಮಿಷ ಕಾದಿದ್ದೇವಲ್ಲ! 11.2 ನಿಮಿಷಕ್ಕೊಂದು ಬಸ್ಸು ಇದ್ದರೆ 14 ನಿಮಿಷ ಹೇಗೆ ಕಾಯಲು ಬರುತ್ತದೆ? ಪಕ್ಷಪಾತವಿಲ್ಲದ ಅಂದಾಜು, ಆದರೂ ಆಗಬಾರದ ಉತ್ತರ. ಇಲ್ಲಿ ಸಾರ ಅಡಗಿರುವುದು ಅತಿ ಹೆಚ್ಚು ಕಾದ ದಿನದಲ್ಲಿ. ಐದು ದಿನದಲ್ಲಿ ಅತಿ ಹೆಚ್ಚು ಕಾದದ್ದು ಸರಾಸರಿಯಲ್ಲಿ ಅಂತರದ 5/6ರಷ್ಟೇ ಇರುತ್ತದೆ, ಹಾಗಾಗಿ 14ನ್ನು 6/5ರಿಂದ ಗುಣಿಸಿದರೆ 16.8 ನಿಮಿಷ, ಇದೇ ಸರಿಯಾದ ದಾರಿ. (ಅಂಕಿ ಹತ್ತಿದ್ದರೆ 11/10ರಿಂದ ಗುಣಿಸಬೇಕು.) ನಿಜವಾದ ಅಂತರ 15 ಅಂತಾದರೆ ಮೊದಲ ದಾರಿಯ ವಿಚಲನೆ 3.87 ನಿಮಿಷ, ಎರಡನೆಯದು 2.54.

ಈಗ ಕ್ರಾಮರ್–ರಾವ್ ಸೂತ್ರಕ್ಕೆ ಕಣ್ಣುಮುಚ್ಚಿ ಅಂಕಿ ಹಾಕಿ ನೋಡಿ. ಗೆರೆ 6.71ರಲ್ಲಿ ಬರುತ್ತದೆ. ಎರಡು ಅಂದಾಜೂ ಗೆರೆಯ ಕೆಳಗೆ ಹಾಯಾಗಿ ಕೂತಿವೆ! ಪ್ರಮೇಯ ಸುಳ್ಳಾಯಿತಾ? ಇಲ್ಲ. ರಾವ್ ಸಾಧನೆಯಲ್ಲಿ ಒಂದು ಹೆಜ್ಜೆ ಇದೆ: ಗೊತ್ತಿಲ್ಲದ ಸಂಖ್ಯೆಯನ್ನು ಚೂರು ಅಲುಗಿಸಿ, ಅನುಕಲನದ (ಇಂಟಿಗ್ರೇಶನ್) ಚಿಹ್ನೆಯ ಒಳಗೆ ಅವಕಲನ (ಡಿಫರೆನ್ಶಿಯೇಶನ್) ಮಾಡುವುದು. ಅಂಕಿಗಳು ಬೀಳುವ ಬಯಲಿನ ಬೇಲಿ ಅಲುಗದೆ ಇದ್ದರೆ ಮಾತ್ರ ಅದು ನಡೆಯುತ್ತದೆ. ಬಸ್ಸಿನ ಲೆಕ್ಕದಲ್ಲಿ ಗೊತ್ತಿಲ್ಲದ ಸಂಖ್ಯೆಯೇ ಬೇಲಿ. ಅಂತರ ಬದಲಾದರೆ ಬೇಲಿಯೇ ಸರಿಯುತ್ತದೆ. ಷರತ್ತು ಮುರಿದ ಮೇಲೆ ಸೂತ್ರಕ್ಕೆ ಬೆಲೆಯಿಲ್ಲ. ಪಠ್ಯಪುಸ್ತಕದಲ್ಲಿ ಸಣ್ಣಕ್ಷರದಲ್ಲಿ ‘ಕ್ರಮಬದ್ಧತೆಯ ಷರತ್ತುಗಳು’ ಅಂತ ಇರುವುದನ್ನು ಯಾರೂ ಓದುವುದಿಲ್ಲ. ಈ ಒಂದು ಬಸ್ಸು ಸಾಕು, ಆ ಪ್ಯಾರಾ ಯಾಕಿದೆ ಅಂತ ತೋರಿಸಲು.

ಹೊರವರ್ತುಲ ರಸ್ತೆಯ 500ಡಿ ಹತ್ತುವವರು ಇಷ್ಟೊತ್ತಿಗೆ ನಗುತ್ತಿರಬಹುದು. ಸಿಲ್ಕ್ ಬೋರ್ಡ್ ಜಂಕ್ಷನ್ನಿನಲ್ಲಿ ಸಿಕ್ಕಿಕೊಂಡ ಬಸ್ಸುಗಳು ಎರಡು ಮೂರು ಒಟ್ಟಿಗೆ ಬರುತ್ತವೆ, ಆಮೇಲೆ ಅರ್ಧ ಗಂಟೆ ಪತ್ತೆಯಿಲ್ಲ. ಹಾಗೆ ಗುಂಪುಗೂಡಿದಾಗ ಕಾಯುವ ಹೊತ್ತು ಸಮನಾಗಿ ಹಂಚಿರುವುದಿಲ್ಲ. ದೊಡ್ಡ ಅಂತರದ ನಡುವೆ ನಾವು ಹೋಗಿ ನಿಲ್ಲುವ ಸಾಧ್ಯತೆಯೇ ಹೆಚ್ಚು. 6/5ರ ಸೂತ್ರ ಅಲ್ಲಿ ಬೇಡ.

ಅದೇ ಲೇಖನದ ಮೂರನೇ ಸಂಗತಿ ಆಗ ಯಾರ ಕಣ್ಣಿಗೂ ಹೆಚ್ಚು ಬೀಳಲಿಲ್ಲ. ಒಂದೊಂದು ಸಂಭವನೀಯತೆಯ ಮಾದರಿಯನ್ನೂ ಒಂದು ಬಾಗಿದ ಮೈಯ ಮೇಲಿನ ಚುಕ್ಕಿ ಅಂತ ನೋಡಿ, ಮಾಹಿತಿಯನ್ನೇ ಅಳತೆಪಟ್ಟಿಯಾಗಿ ಇಟ್ಟುಕೊಂಡು ದೂರ ಅಳೆಯುವುದು. ಮುಂದೆ ಇದೇ ಮಾಹಿತಿ ಜ್ಯಾಮಿತಿ ಅನ್ನುವ ವಿಷಯವಾಗಿ ಬೆಳೆಯಿತು. ಪಾಯ್ಸಾನ್ ಮಾದರಿಗೆ ಈ ದೂರ ಬಲು ಸರಳ: ಎರಡು ದರಗಳ ವರ್ಗಮೂಲಗಳ ವ್ಯತ್ಯಾಸದ ಎರಡರಷ್ಟು. ದಿನಕ್ಕೆ 1 ಸಲದಿಂದ 2 ಸಲಕ್ಕೆ ದೂರ 0.83, 10ರಿಂದ 11ಕ್ಕೆ 0.31. ಎರಡು ಕಡೆಯೂ ಹೆಚ್ಚಾದದ್ದು ಒಂದೇ ಒಂದು, ಆದರೆ ಎರಡನೆಯದನ್ನು ಅಂಕಿಗಳಿಂದ ಪತ್ತೆ ಹಚ್ಚುವುದು ಬಹಳ ಕಷ್ಟ.

1946ರಲ್ಲಿ ಮಹಾಲನೋಬಿಸ್ ರಾವ್ ಅವರನ್ನು ಕೇಂಬ್ರಿಜ್‌ಗೆ ಕಳಿಸಿದರು. ಸುಡಾನಿನ ಜೆಬೆಲ್ ಮೋಯಾದಲ್ಲಿ ಅಗೆದು ತೆಗೆದ ಪ್ರಾಚೀನ ಅಸ್ಥಿಪಂಜರಗಳ ಅಳತೆಗಳನ್ನು ಅಲ್ಲಿನ ಮ್ಯೂಸಿಯಮ್ಮಿನಲ್ಲಿ ವಿಶ್ಲೇಷಿಸುವ ಕೆಲಸ. ಜತೆಗೆ ಫಿಷರ್ ಕೈಕೆಳಗೇ ಪಿಎಚ್‌ಡಿ, 1948ರಲ್ಲಿ ಮುಗಿಯಿತು. ಇದೇ ಆಸುಪಾಸಿನಲ್ಲಿ, 1946–47ರಲ್ಲಿ, ಅವರು ಬರೆದ ಇನ್ನೊಂದು ಬಗೆಯ ಲೇಖನಗಳಿಂದ ಆರ್ಥೋಗೊನಲ್ ಅರೇಗಳು, ಅಂದರೆ ಕಡಿಮೆ ಪ್ರಯೋಗದಲ್ಲಿ ಹಲವು ಸಂಗತಿಗಳನ್ನು ಒಟ್ಟಿಗೇ ಪರೀಕ್ಷಿಸುವ ಕೋಷ್ಟಕಗಳು, ಬಂದವು. ಪೀಣ್ಯದ ಕಾರ್ಖಾನೆಗಳಲ್ಲಿ ಗುಣಮಟ್ಟ ವಿಭಾಗದಲ್ಲಿರುವವರಿಗೆ ಇದು ತಗುಚಿ ಕೋಷ್ಟಕ ಅಂತ ಗೊತ್ತಿರುತ್ತದೆ. ಜಪಾನಿನ ತಗುಚಿ 1950ರ ದಶಕದಲ್ಲಿ ಕಲ್ಕತ್ತಾದ ಇನ್‌ಸ್ಟಿಟ್ಯೂಟಿಗೆ ಬಂದು ಇದ್ದು ಹೋದವರು. ರಾವ್ ಹೆಸರು ಕಾರ್ಖಾನೆಯಲ್ಲಿ ಅಷ್ಟು ಕೇಳಿಬರುವುದಿಲ್ಲ, ಅದೊಂದು ಅನ್ಯಾಯ.

ಕೋಷ್ಟಕದ ಕೆಲಸ ಫಿಲ್ಟರ್ ಕಾಫಿಯಲ್ಲೇ ನೋಡಬಹುದು. ಬದಲಾಯಿಸುವ ಸಂಗತಿ ಮೂರು, ಒಂದೊಂದಕ್ಕೂ ಎರಡು ಮಟ್ಟ: ಪುಡಿ 20 ಗ್ರಾಂ ಅಥವಾ 25 ಗ್ರಾಂ, ನೀರು ಕುದಿದ ಕೂಡಲೇ ಅಥವಾ ಒಲೆ ಆರಿಸಿ ಎರಡು ನಿಮಿಷ ಬಿಟ್ಟು, ಚಿಕೋರಿ ಶೇ 20 ಅಥವಾ ಶೇ 30. ಎಲ್ಲ ಜೋಡಣೆಗೂ ಎಂಟು ಸಲ ಡಿಕಾಕ್ಷನ್ ಇಳಿಸಬೇಕು. ನಾಲ್ಕೇ ಸಲದಲ್ಲಿ ಮುಗಿಸುವ ಕ್ರಮ ಹೀಗೆ: ಮೊದಲನೆಯದು 20 ಗ್ರಾಂ, ಕುದಿನೀರು, ಶೇ 20. ಎರಡನೆಯದು 20 ಗ್ರಾಂ, ಆರಿದ ನೀರು, ಶೇ 30. ಮೂರನೆಯದು 25 ಗ್ರಾಂ, ಕುದಿನೀರು, ಶೇ 30. ನಾಲ್ಕನೆಯದು 25 ಗ್ರಾಂ, ಆರಿದ ನೀರು, ಶೇ 20. ಯಾವ ಎರಡು ಸಂಗತಿ ತೆಗೆದುಕೊಂಡರೂ ನಾಲ್ಕು ಜೋಡಿಯೂ ಒಂದೊಂದು ಸಲ ಬಂದಿರುತ್ತದೆ, ಅದೇ ಇದರ ಗುಟ್ಟು. ಎರಡೆರಡು ಮಟ್ಟದ ಸಂಗತಿ ಎಷ್ಟಿವೆಯೋ ಅದಕ್ಕಿಂತ ಒಂದಾದರೂ ಹೆಚ್ಚು ಸಲ ಮಾಡಲೇಬೇಕು ಅನ್ನುವುದು ರಾವ್ ಹಾಕಿದ ಇನ್ನೊಂದು ಗೆರೆ. ಮೂರಕ್ಕೆ ನಾಲ್ಕು, ಏಳಕ್ಕೆ ಎಂಟು.

ಕುಡಿದವರು ಹತ್ತಕ್ಕೆ ಕೊಟ್ಟ ಅಂಕ ಕ್ರಮವಾಗಿ 6, 7, 9, 6 ಅನ್ನಿ. ಪುಡಿ ಹೆಚ್ಚಿಸಿದ್ದರ ಪರಿಣಾಮ: 9 ಮತ್ತು 6ರ ಸರಾಸರಿ 7.5, ಅದರಿಂದ 6 ಮತ್ತು 7ರ ಸರಾಸರಿ 6.5 ಕಳೆದರೆ 1. ನೀರು ಆರಿಸಿದ್ದಕ್ಕೆ: 6.5ರಲ್ಲಿ 7.5 ಕಳೆದು −1. ಚಿಕೋರಿ ಹೆಚ್ಚಿಸಿದ್ದಕ್ಕೆ: 8ರಲ್ಲಿ 6 ಕಳೆದು 2. ಒಂದೊಂದು ಪರಿಣಾಮಕ್ಕೂ ನಾಲ್ಕು ಲೋಟವೂ ದುಡಿದಿದೆ. ಅದರ ಬದಲು ಒಂದು ಮೂಲ ಲೋಟ ಇಟ್ಟುಕೊಂಡು ಒಂದು ಸಲಕ್ಕೆ ಒಂದನ್ನೇ ಬದಲಿಸಿದ್ದರೂ ನಾಲ್ಕೇ ಲೋಟ ಆಗುತ್ತಿತ್ತು, ಆದರೆ ಪ್ರತಿ ಪರಿಣಾಮವೂ ಎರಡೇ ಲೋಟದ ವ್ಯತ್ಯಾಸ, ವೇರಿಯನ್ಸ್ ಎರಡರಷ್ಟು. ಅದೇ ಪುಡಿ, ಅದೇ ಗ್ಯಾಸು, ಅರ್ಧ ಮಾಹಿತಿ.

ಈ ಉಳಿತಾಯಕ್ಕೆ ಬೆಲೆಯೂ ತೆರಬೇಕು. ಕೋಷ್ಟಕದಲ್ಲಿ ಚಿಕೋರಿಯ ಕಂಬಸಾಲನ್ನು ನೋಡಿ: ಪುಡಿಯ ಮಟ್ಟವೂ ನೀರಿನ ಮಟ್ಟವೂ ಎರಡೂ ಮೊದಲನೆಯದೇ ಅಥವಾ ಎರಡೂ ಎರಡನೆಯದೇ ಆದಾಗ ಶೇ 20, ಬೇರೆ ಬೇರೆ ಇದ್ದಾಗ ಶೇ 30. ಹಾಗಾಗಿ 25 ಗ್ರಾಂ ಪುಡಿಗೆ ಕುದಿನೀರೇ ಬೇಕು, 20ಕ್ಕೆ ಆರಿದ ನೀರೇ ರುಚಿ ಅನ್ನುವಂಥ ಹೊಂದಾಣಿಕೆ ಏನಾದರೂ ಇದ್ದರೆ ಅದೆಲ್ಲ ಚಿಕೋರಿಯ ಖಾತೆಗೆ ಜಮೆಯಾಗುತ್ತದೆ. ಆ 2 ಅಂಕ ಚಿಕೋರಿಯದ್ದೋ, ಪುಡಿ ಮತ್ತು ನೀರಿನ ಹೊಂದಾಣಿಕೆಯದ್ದೋ ನಾಲ್ಕು ಲೋಟದಿಂದ ಹೇಳಲು ಸಾಧ್ಯವೇ ಇಲ್ಲ. ಅನುಮಾನ ಬಂದರೆ ಬಿಟ್ಟ ನಾಲ್ಕನ್ನೂ ಇಳಿಸಬೇಕು: 20 ಗ್ರಾಂ ಕುದಿನೀರಿಗೆ ಶೇ 30, 20 ಗ್ರಾಂ ಆರಿದ ನೀರಿಗೆ ಶೇ 20, 25 ಗ್ರಾಂ ಕುದಿನೀರಿಗೆ ಶೇ 20, 25 ಗ್ರಾಂ ಆರಿದ ನೀರಿಗೆ ಶೇ 30. ಪುಡಿ ಅದೇ ದಿನ ಬೀಸಿದ ಅದೇ ಪೊಟ್ಟಣದ್ದಿರಲಿ, ಹಾಲೂ ಅದೇ ಪ್ಯಾಕೆಟ್ಟಿನದ್ದಿರಲಿ. ಇಲ್ಲದಿದ್ದರೆ ನಿನ್ನೆಯ ನಾಲ್ಕಕ್ಕೂ ಇವತ್ತಿನ ನಾಲ್ಕಕ್ಕೂ ಇರುವ ವ್ಯತ್ಯಾಸ ಮೂರೂ ಸಂಗತಿ ಸೇರಿದ ಹೊಂದಾಣಿಕೆಯ ಲೆಕ್ಕದೊಳಗೆ ನುಸುಳಿಕೊಳ್ಳುತ್ತದೆ.